ಎಣ್ಣೆಗಾಯಿ ಮಾಡಿದ್ದು ಯಾರು?

ಹುರಿದ ಶೇಂಗಾವನ್ನು ಸುಪ್ರೀತಾ ಎರಡು ಅಂಗೈಗಳ ನಡುವೆ ಹಾಕಿ ಉಜ್ಜುತ್ತಿದ್ದಳು. ಅಂಗೈ ಕೆಂಪಾಗಿ ಉರಿಯುತ್ತಿತ್ತು. ಸಿಪ್ಪೆಯೇನೋ ಬಿಟ್ಟುಕೊಂಡಿತು, ಆದರೆ ಅದನ್ನು ಕೇರಲು ಫ್ಲ್ಯಾಟಿನಲ್ಲಿ ಮೊರ ಎಲ್ಲಿಂದ ಬರಬೇಕು? ತಟ್ಟೆಯನ್ನೇ ಬಾಲ್ಕನಿಗೆ ಒಯ್ದು ಕೆನ್ನೆ ಉಬ್ಬಿಸಿ ಜೋರಾಗಿ ಊದಿದಳು.

ಸಿಪ್ಪೆಗಳೆಲ್ಲ ಗಿರಗಿರನೆ ಹಾರಿ, ಕೆಳಗಿನ ಮನೆಯವರು ಒಣಹಾಕಿದ್ದ ಬಿಳಿ ಬೆಡ್‌ಶೀಟಿನ ಮೇಲೆ ಕೂತವು.

“ಯಾರದು ಮೇಲೆ?” ಎಂದು ಯಮುನಾ ಆಂಟಿಯ ದನಿ ಕೇಳಿಸಿತು.

“ಸಾರಿ ಆಂಟಿ, ಕಡ್ಲೆಬೀಜದ ಸಿಪ್ಪೆ. ಆಮೇಲೆ ಬಂದು ಕೊಡವಿ ಕೊಡ್ತೀನಿ.”

ಮನೆಯೊಳಗಾದರೆ ಅದು ಶೇಂಗಾ, ಯಮುನಾ ಆಂಟಿಯ ಹತ್ತಿರ ಕಡ್ಲೆಬೀಜ. ಸುಪ್ರೀತಾಳ ಅಪ್ಪ ಅಮ್ಮ ಇಳಕಲ್ ಕಡೆಯವರು. ಅವಳು ಮಾತ್ರ ಹುಟ್ಟಿದ್ದೂ ಬೆಳೆದದ್ದೂ ಈ ಬಾಣಸವಾಡಿಯಲ್ಲೇ. ಐದನೇ ಕ್ಲಾಸು.

ಅಂದು ಭಾನುವಾರ. ಅಪ್ಪ ಅಮ್ಮ ಇಬ್ಬರೂ ಕೆ.ಆರ್. ಪುರದಲ್ಲಿ ಯಾರದೋ ಗೃಹಪ್ರವೇಶಕ್ಕೆ ಹೋಗಿದ್ದರು. ಪೂಜೆಗೆ ಮುಖ ತೋರಿಸಿ ಊಟಕ್ಕೆ ವಾಪಸ್ ಬರುತ್ತೇವೆ ಎಂದು ಹೇಳಿದ್ದರು. ಮನೆಯಲ್ಲಿ ಉಳಿದವರು ಅಜ್ಜಿ ಶರಣವ್ವ, ತಮ್ಮ ಚನ್ನು ಮತ್ತು ಸುಪ್ರೀತಾ. ಈ ದಿನಕ್ಕಾಗಿ ಅವಳು ಒಂದು ವಾರದಿಂದ ಕಾದಿದ್ದಳು.

ಅಡುಗೆಮನೆಯಲ್ಲಿ ಅಜ್ಜಿ ಪ್ಲಾಸ್ಟಿಕ್ ಸ್ಟೂಲಿನ ಮೇಲೆ ಕೂತಿದ್ದರು. ಬೆಳಿಗ್ಗೆಯೇ ಇಬ್ಬರ ನಡುವೆ ಕರಾರು ಆಗಿತ್ತು. ಅಜ್ಜಿ ಗ್ಯಾಸ್ ಹಚ್ಚಿ ಕೊಡಬೇಕು, ಜೊತೆಗೆ ಕೂತಿರಬೇಕು. ಆದರೆ ಹೀಗೆ ಮಾಡು, ಹಾಗೆ ಮಾಡು ಅಂತ ಒಂದು ಮಾತೂ ಆಡಬಾರದು.

“ಅಂಗಿಗೆ ಬೆಂಕಿ ಹತ್ತಿದರ?” ಎಂದು ಅಜ್ಜಿ ಆಗ ಕೇಳಿದ್ದರು.

“ಅದೊಂದಕ್ಕೆ ಮಾತಾಡ್ಬಹುದು.”

“ಆತು ಬಿಡು,” ಎಂದು ಅಜ್ಜಿ ತುಟಿ ಬಿಗಿದುಕೊಂಡಿದ್ದರು.

ಇಷ್ಟೆಲ್ಲ ಕಟ್ಟುನಿಟ್ಟು ಯಾಕೆ ಅಂದರೆ, ಅದಕ್ಕೆ ಒಂದು ಹಳೆಯ ಸುಳ್ಳು ಕಾರಣ.

ಕಳೆದ ವರ್ಷ ನಾಲ್ಕನೇ ಕ್ಲಾಸಿನಲ್ಲಿ ಸುಪ್ರೀತಾಳ ಪಕ್ಕ ಕೂರುತ್ತಿದ್ದವಳು ಸಾಮಿಯಾ. ಒಂದು ದಿನ ಸುಪ್ರೀತಾಳ ಟಿಫಿನ್ ಡಬ್ಬಿಯಲ್ಲಿ ರೊಟ್ಟಿ, ಎಣ್ಣೆಗಾಯಿ ಇತ್ತು. ಪುಟ್ಟ ಪುಟ್ಟ ಬದನೆಕಾಯಿಯ ಹೊಟ್ಟೆಯಲ್ಲಿ ಮಸಾಲೆ ತುಂಬಿ, ಎಣ್ಣೆಯಲ್ಲಿ ಬೇಯಿಸಿದ ಪಲ್ಯ. ಡಬ್ಬಿ ತೆರೆದದ್ದೇ ತಡ, ನಾಲ್ಕು ಕಡೆಯಿಂದ ಕೈಗಳು ಬಂದವು. ಸಾಮಿಯಾ ಬೆರಳು ಚೀಪುತ್ತ, ಇದನ್ನು ಯಾರು ಮಾಡಿದ್ದು ಅಂತ ಕೇಳಿದಳು. ಅಮ್ಮ ಅನ್ನಬೇಕಾದ ಬಾಯಿ ಯಾಕೋ “ನಾನೇ” ಅಂದುಬಿಟ್ಟಿತು.

ಸಾಮಿಯಾ ಅದನ್ನು ಪೂರ್ತಿ ನಂಬಿದಳು. ನಂಬಿದ್ದಷ್ಟೇ ಅಲ್ಲ, ಸಂಜೆಯೊಳಗೆ ಇಡೀ ಕ್ಲಾಸಿಗೆ ಸಾರಿದಳು. ಆಮೇಲೆ ಅಲ್ಲ ಅನ್ನುವುದು ಹೇಗೆ?

ಬೇಸಿಗೆ ರಜೆಯಲ್ಲಿ ಸಾಮಿಯಾಳ ಮನೆಯವರು ಕೋಲಾರಕ್ಕೆ, ಅವಳು ನಾನಿ ಅಂತ ಕರೆಯುವ ಅಜ್ಜಿಯ ಮನೆಗೆ ಹೋಗಿ ನೆಲೆಸಿದರು. ಅದಕ್ಕೂ ಮೊದಲು ಸ್ಕೂಲಿನಿಂದ ಪೋಸ್ಟ್ ಆಫೀಸ್ ನೋಡಲು ಕರೆದುಕೊಂಡು ಹೋದಾಗ ಇಬ್ಬರೂ ಒಂದೊಂದು ಇನ್‌ಲ್ಯಾಂಡ್ ಲೆಟರ್ ಕೊಂಡಿದ್ದರು. ಫೋನ್ ಬೇಡ, ಪತ್ರವನ್ನೇ ಬರೆಯೋಣ ಅಂತ ಮಾತಾಗಿತ್ತು. ದಸರಾ ರಜೆ ಮುಗಿಯುವಾಗ ಸಾಮಿಯಾಳ ಪತ್ರ ಬಂತು.

‘ನಾನಿ ಜ್ವರದಲ್ಲಿ ಮಲಗಿ ಈಗ ಎದ್ದಿದ್ದಾರೆ. ಏನು ಕೊಟ್ಟರೂ ರುಚಿ ಇಲ್ಲ ಅಂತಾರೆ. ನಿನ್ನ ಬದನೆಕಾಯಿ ಪಲ್ಯ ಮಾಡಿ ಕೊಡಬೇಕು ಅಂತ ನನಗೆ ಆಸೆ. ಹೇಗೆ ಮಾಡೋದು ಬರಿ. ನೀನೇ ಮಾಡೋದಲ್ವಾ, ನಿನಗೆ ಸರಿಯಾಗಿ ಗೊತ್ತಿರುತ್ತೆ.’

ಆ ಕೊನೆಯ ಸಾಲು ಸುಪ್ರೀತಾಳಿಗೆ ಮುಳ್ಳಿನ ಹಾಗೆ ಚುಚ್ಚಿತು. ಅಮ್ಮನನ್ನು ಕೇಳಿ ನೋಟ್‌ಬುಕ್ಕಿನಲ್ಲಿ ಎಲ್ಲವನ್ನೂ ಬರೆದುಕೊಂಡಿದ್ದೇನೋ ಹೌದು. ಅದನ್ನು ಪತ್ರಕ್ಕೆ ಇಳಿಸಲು ಕೂತಾಗಲೆಲ್ಲ ಪೆನ್ನು ‘ನಾನು’ ಅನ್ನುವಲ್ಲಿಗೆ ಬಂದು ನಿಲ್ಲುತ್ತಿತ್ತು. ಹೀಗೇ ದೀಪಾವಳಿ ಹೋಯಿತು, ಸಂಕ್ರಾಂತಿಯೂ ಹೋಯಿತು. ಹೋದ ವಾರ ಸಾಮಿಯಾಳ ಅಬ್ಬಾ ಅಹ್ಮದ್ ಪಾಷಾ ಶಿವಾಜಿನಗರದಲ್ಲಿ ಅಪ್ಪನಿಗೆ ಸಿಕ್ಕಿದ್ದರಂತೆ. ಮಗಳು ದಿನಾ ಪೋಸ್ಟ್‌ಮ್ಯಾನ್‌ಗೆ ಕಾಯುತ್ತಾಳೆ, ಸುಪ್ರೀತಾ ತನ್ನನ್ನು ಮರೆತಳು ಅಂತ ಒಂದೊಂದು ದಿನ ಅಳುತ್ತಾಳೆ ಎಂದರಂತೆ.

ಅಂದು ರಾತ್ರಿ ಸುಪ್ರೀತಾಳಿಗೆ ಒಂದು ಉಪಾಯ ಹೊಳೆಯಿತು. ಒಂದು ಸಲ ತಾನೇ ಎಣ್ಣೆಗಾಯಿ ಮಾಡಿಬಿಟ್ಟರೆ? ಆಗ ‘ನಾನೇ ಮಾಡಿದ್ದು’ ಅನ್ನುವುದು ನಿಜವೇ ಆಗಿಬಿಡುತ್ತಲ್ಲ.

ಅದಕ್ಕೇ ಈ ಭಾನುವಾರ.

ಬದನೆಕಾಯಿಯನ್ನು ಅವಳು ಬೆಳಿಗ್ಗೆಯೇ ಮುನಿಗಂಗಮ್ಮನ ತಳ್ಳುಗಾಡಿಯಿಂದ ತಂದಿದ್ದಳು. ಹೊಳೆಯುವ ದಪ್ಪ ಕಾಯಿಗಳಿಗೆ ಕೈಹಾಕಿದಾಗ ಮುನಿಗಂಗಮ್ಮ ಕೈ ಹಿಡಿದು ನಿಲ್ಲಿಸಿ, “ಅದ್ರಲ್ಲಿ ಬರೀ ಬೀಜ ಕಣ್ ಮಗಾ,” ಎಂದು ನಿಂಬೆಹಣ್ಣಿನ ಗಾತ್ರದ ಹನ್ನೆರಡು ಆರಿಸಿ ಕೊಟ್ಟಿದ್ದಳು.

ಅವನ್ನು ತೊಟ್ಟು ಬಿಡಿಸದೆ ಅಡಿಯಿಂದ ನಾಲ್ಕು ಸೀಳಾಗಿ ಕೊಯ್ಯಬೇಕು. ಎರಡು ಕಾಯಿ ಪೂರ್ತಿ ಹೋಳಾಗಿ ಹೋದವು. ಮೂರನೆಯದರಿಂದ ಕೈ ಕುದುರಿತು. ಕೊಯ್ದದ್ದು ಕಪ್ಪಾಗದಿರಲಿ ಅಂತ ಉಪ್ಪುನೀರಿನಲ್ಲಿ ಹಾಕಿದಳು. ಶೇಂಗಾ, ಗುರೆಳ್ಳು, ಒಣಕೊಬ್ಬರಿ ಹುರಿದು ಮಿಕ್ಸಿಗೆ ಹಾಕಿದಳು. ಮುಚ್ಚಳ ಸರಿಯಾಗಿ ಕೂತಿರಲಿಲ್ಲ. ಗೋಡೆಗೆ, ಕಿಟಕಿಗೆ, ಅಜ್ಜಿಯ ಕನ್ನಡಕಕ್ಕೆ ಪುಡಿ ಎರಚಿತು. ಅಜ್ಜಿ ಮಾತಿಲ್ಲದೆ ಕನ್ನಡಕ ತೆಗೆದು ಸೆರಗಿನಲ್ಲಿ ಒರೆಸಿಕೊಂಡರು.

ಪುಡಿಗೆ ಹುಣಸೆರಸ, ಬೆಲ್ಲ, ಈರುಳ್ಳಿ, ಬೆಳ್ಳುಳ್ಳಿ ಸೇರಿದವು. ಆಮೇಲೆ ಮಸಾಲಿ ಖಾರ. ಇದು ಅಂಗಡಿಯ ಖಾರದ ಪುಡಿಯಲ್ಲ. ಪ್ರತಿ ಬೇಸಿಗೆಯಲ್ಲಿ ಅಜ್ಜಿ ಊರಿಗೆ ಹೋಗಿ, ಮೆಣಸಿನಕಾಯಿ, ಮಸಾಲೆ ಎಲ್ಲ ಕುಟ್ಟಿಸಿ ವರ್ಷಕ್ಕಾಗುವಷ್ಟು ಡಬ್ಬಿಯಲ್ಲಿ ತುಂಬಿ ತರುವ ಖಾರ. ಸುಪ್ರೀತಾ ಮೂರು ದೊಡ್ಡ ಚಮಚ ಹಾಕಿದಳು.

ಮತ್ತೊಮ್ಮೆ ನೋಟ್‌ಬುಕ್ ನೋಡಿದಳು. ಮಸಾಲೆಗೆ ಅಮ್ಮ ಬರೆಸಿದ್ದರಲ್ಲಿ ಬೆಲ್ಲ ಇತ್ತು, ಹುಣಸೆಹಣ್ಣು ಇತ್ತು, ಉಪ್ಪೇ ಇರಲಿಲ್ಲ. ಅಮ್ಮನಿಗೆ ಬರೆಸುವ ಅವಸರದಲ್ಲಿ ಮರೆತಿರಬೇಕು. ಉಪ್ಪಿಲ್ಲದ ಪಲ್ಯ ಎಲ್ಲಾದರೂ ಉಂಟೇ? ತಾನೇ ಕಂಡುಹಿಡಿದೆ ಅನ್ನುವ ಖುಷಿಯಲ್ಲಿ ಎರಡು ಚಮಚ ಉಪ್ಪು ತುಂಬಿ ತುಂಬಿ ಹಾಕಿದಳು.

ಸ್ಟೂಲು ಕಿರ್ ಎಂದಿತು. ತಿರುಗಿ ನೋಡಿದರೆ ಅಜ್ಜಿ ಕಿಟಕಿಯ ಕಡೆ ಮುಖ ಮಾಡಿ, ಎದುರು ಕಂಬದ ಮೇಲಿನ ಪಾರಿವಾಳವನ್ನೇ ನೋಡುತ್ತಿದ್ದರು.

ಒಗ್ಗರಣೆ ಚಟಪಟ ಎಂದಿತು. ಹೊಟ್ಟೆ ತುಂಬಿಸಿಕೊಂಡ ಬದನೆಕಾಯಿಗಳು ಬಾಣಲೆಯಲ್ಲಿ ಸಾಲಾಗಿ ಕೂತವು. ಸ್ವಲ್ಪ ಹೊತ್ತಿಗೆ ಮುಚ್ಚಳದ ಸಂದಿಯಿಂದ ಘಮ ಎದ್ದು ಹಾಲಿಗೆ ಹೋಯಿತು. ಟಿವಿ ಮುಂದೆ ಕೂತಿದ್ದ ಚನ್ನು ತಾನಾಗಿ ಎದ್ದು ಬಂದು ಬಾಗಿಲಲ್ಲಿ ನಿಂತ.

“ಅಕ್ಕಾ, ಸೇಮ್ ಅಮ್ಮನ ಸ್ಮೆಲ್.”

ಸುಪ್ರೀತಾಳಿಗೆ ಎರಡು ಇಂಚು ಎತ್ತರವಾದಂತೆ ಅನ್ನಿಸಿತು. ಒಂದು ಕಾಯನ್ನು ತಟ್ಟೆಗೆ ಹಾಕಿ ಕೊಟ್ಟಳು. ಚನ್ನು ಊದಿ ಊದಿ ಪೂರ್ತಿ ಬಾಯಿಗಿಟ್ಟುಕೊಂಡ. ಎರಡು ಸಲ ಅಗಿದು ನಿಲ್ಲಿಸಿದ. ಹೇಗೋ ನುಂಗಿದ. ಫಿಲ್ಟರಿನ ಹತ್ತಿರ ಹೋಗಿ ಒಂದಾದ ಮೇಲೊಂದು ಎರಡು ಲೋಟ ನೀರು ಕುಡಿದ.

“ಅಕ್ಕಾ,” ಎಂದ ಮೆಲ್ಲಗೆ, “ಇದು ಉಪ್ಪಿನಕಾಯಾ?”

ಸುಪ್ರೀತಾ ಬೆರಳಿಗೆ ಒಂದಿಷ್ಟು ಹಚ್ಚಿ ನೆಕ್ಕಿದಳು. ಕಣ್ಣಲ್ಲಿ ನೀರು ಬಂತು. ಅದು ಖಾರದಿಂದಲ್ಲ.

“ಅಜ್ಜಿ, ಈಗ ಮಾತಾಡು.”

ಅಜ್ಜಿ ಇಷ್ಟು ಹೊತ್ತು ಹಿಡಿದಿಟ್ಟಿದ್ದ ಉಸಿರು ಬಿಟ್ಟರು. ಖಾರ ಕುಟ್ಟುವಾಗಲೇ ಅದಕ್ಕೆ ಉಪ್ಪು ಹಾಕಿರುತ್ತಾರಂತೆ. ಉಪ್ಪು ಇದ್ದರೇನೇ ಅದು ವರ್ಷವೆಲ್ಲ ಕೆಡದೆ ಇರುವುದು. ಅದಕ್ಕೇ ಆ ಖಾರ ಹಾಕಿದ ಪಲ್ಯಕ್ಕೆ ಯಾರೂ ಬೇರೆ ಉಪ್ಪು ಹಾಕುವುದಿಲ್ಲವಂತೆ.

“ನಾನು ಹಾಕೋದು ನೋಡಿದ್ಯಾ ನೀನು?”

“ನೋಡಿದ್ನಿ. ಎರಡು ಚಮಚ. ತಲಿ ತುಂಬ.”

“ಮತ್ಯಾಕೆ ಸುಮ್ನಿದ್ದೆ?”

“ಬಾಯಿ ಬಿಡಬ್ಯಾಡ ಅಂದಾಕಿ ಯಾರವಾ?” ಅಜ್ಜಿ ಮೊಮ್ಮಗಳ ಗಲ್ಲಕ್ಕೆ ಅಂಟಿದ್ದ ಗುರೆಳ್ಳಿನ ಪುಡಿ ಒರೆಸಿದರು. “ನಾ ಹೇಳಿದ್ದರ ಇದು ನನ್ನ ಪಲ್ಯ ಆಗತಿತ್ತು. ನಿಂದು ಬೇಕಂದಿ. ಇದು ನಿಂದ.”

ಸುಪ್ರೀತಾ ಬಾಣಲೆಯನ್ನೇ ನೋಡುತ್ತ ನಿಂತಳು. ಎರಡು ಹೋಳು ತೇಲುತ್ತಿದ್ದವು. ಒಂದು ಕಾಯಿ ಬಾಯಿ ಬಿಟ್ಟುಕೊಂಡು ಮಸಾಲೆಯೆಲ್ಲ ಕಾರಿಕೊಂಡಿತ್ತು. ಇದು ತನ್ನದು. ಹಾಗಾದರೆ ಆವತ್ತು ಡಬ್ಬಿಯಲ್ಲಿದ್ದದ್ದು, ಸಾಮಿಯಾ ಬೆರಳು ಚೀಪಿ ತಿಂದದ್ದು, ತಾನು ಇನ್ನು ನೂರು ಸಲ ಮಾಡಿದರೂ ಅಮ್ಮನದೇ.

ಚೆಲ್ಲಿಬಿಡಲಾ ಅಂತ ಕೇಳಿದಳು. ಅಜ್ಜಿ ಬೇಡ ಅಂದರು. ಬೇಯಿಸಿದ ಎರಡು ಆಲೂಗಡ್ಡೆ, ಉಳಿದಿದ್ದ ಶೇಂಗಾಪುಡಿ, ಒಂದು ಚೂರು ಬೆಲ್ಲ, ಎರಡು ಲೋಟ ಬಿಸಿನೀರು ಬಾಣಲೆಗೆ ಸೇರಿ ಮತ್ತೆ ಕುದಿ ಬಂತು. ಅಷ್ಟರಲ್ಲಿ ಅಜ್ಜಿ ಜೋಳದ ಹಿಟ್ಟು ಕಲಸಿ ಟಪಟಪ ರೊಟ್ಟಿ ತಟ್ಟಿದರು. ರೊಟ್ಟಿಗೆ ಚೂರೂ ಉಪ್ಪಿಲ್ಲ. ರೊಟ್ಟಿ ದೊಡ್ಡದಾಗಿ ಮುರಿದು, ಪಲ್ಯ ಚಿಕ್ಕದಾಗಿ ಹಚ್ಚಿ, ಮೊಸರು ಜೊತೆಗಿಟ್ಟುಕೊಂಡರೆ ತಿನ್ನಬಹುದಿತ್ತು. ಚನ್ನು ಒಂದೂವರೆ ರೊಟ್ಟಿ ತಿಂದ.

ಎರಡು ಗಂಟೆಗೆ ಅಪ್ಪ ಅಮ್ಮ ಬಂದರು. ಅಪ್ಪ ಒಂದು ತುತ್ತು ತಿಂದು, ನೀರಿನ ಲೋಟವನ್ನು ಹತ್ತಿರ ಎಳೆದುಕೊಂಡು, ಸುಮ್ಮನೆ ಎರಡನೆಯ ತುತ್ತಿಗೆ ಕೈಹಾಕಿದರು. ಅಮ್ಮನಿಗೆ ಮೊದಲ ತುತ್ತಿಗೇ ಗೊತ್ತಾಯಿತು.

“ಉಪ್ಪು ಹಾಕಿದ್ಯಾ?”

“ನೀನು ಬರ್ಸಿದ್ದರಲ್ಲಿ ಉಪ್ಪೇ ಇರ್ಲಿಲ್ಲ. ಮರ್ತಿದ್ದೀಯಾ ಅಂದ್ಕೊಂಡೆ.”

ಅಮ್ಮ ತುತ್ತು ಹಿಡಿದ ಕೈಯನ್ನು ಹಾಗೇ ನಿಲ್ಲಿಸಿದರು. ಉಪ್ಪಿನ ಮಾತು ಹೇಳಬೇಕು ಅಂತ ಅವರಿಗೆ ಯಾವತ್ತೂ ಹೊಳೆದೇ ಇರಲಿಲ್ಲ. ಆ ಖಾರ ಇಲ್ಲದ ಮನೆಯಲ್ಲಿ ಈ ಪಲ್ಯ ಮಾಡಿಯೇ ಗೊತ್ತಿಲ್ಲವಲ್ಲ.

ಸುಪ್ರೀತಾ ಅಮ್ಮನ ಮುಖವನ್ನೇ ನೋಡಿದಳು. ಕೋಲಾರದ ಮನೆಯಲ್ಲಿ ಮಸಾಲಿ ಖಾರ ಎಲ್ಲಿರುತ್ತದೆ? ಅಲ್ಲಿರುವುದು ಅಂಗಡಿಯ ಖಾರದ ಪುಡಿ. ಅಮ್ಮ ಬರೆಸಿದ್ದನ್ನೇ ನಕಲು ಮಾಡಿ ಕಳಿಸಿದ್ದರೆ, ಹುಷಾರಿಲ್ಲದೆ ಎದ್ದ ನಾನಿಯ ತಟ್ಟೆಗೆ ಉಪ್ಪೇ ಇಲ್ಲದ ಎಣ್ಣೆಗಾಯಿ ಬೀಳುತ್ತಿತ್ತು.

ಕೈ ತೊಳೆದು ಬಂದು ಸುಪ್ರೀತಾ ಇನ್‌ಲ್ಯಾಂಡ್ ಲೆಟರ್ ಬಿಡಿಸಿದಳು. ಈ ಸಲ ಪೆನ್ನು ನಿಲ್ಲಲಿಲ್ಲ.

‘ಸಾಮಿಯಾ, ಮೊದಲೇ ಹೇಳಿಬಿಡ್ತೀನಿ. ಆವತ್ತು ಡಬ್ಬಿಯಲ್ಲಿದ್ದ ಪಲ್ಯ ನಮ್ಮಮ್ಮ ಮಾಡಿದ್ದು. ನಾನು ಅಂತ ಸುಳ್ಳು ಹೇಳಿದೆ. ಅದಕ್ಕೇ ಇಷ್ಟು ದಿನ ಬರೆಯೋಕೆ ಆಗಲಿಲ್ಲ. ನಿನ್ನನ್ನ ಮರೆತಿಲ್ಲ. ಇವತ್ತು ನಾನೇ ಮಾಡಿದೆ, ಹಾಳಾಯ್ತು, ಆಮೇಲೆ ಸ್ವಲ್ಪ ಸರಿ ಮಾಡಿದ್ವಿ. ಹೇಗೆ ಮಾಡೋದು ಅಂತ ಈಗ ನನಗೆ ಗೊತ್ತು. ಮಿಕ್ಸಿ ಮುಚ್ಚಳ ಗಟ್ಟಿಯಾಗಿ ಒತ್ತಿ ಹಿಡಿ. ನಿಮ್ಮ ಮನೆ ಖಾರದ ಪುಡಿಯಲ್ಲಿ ಉಪ್ಪು ಇರಲ್ಲ, ಅದಕ್ಕೆ ನೀನು ಉಪ್ಪು ಹಾಕಲೇಬೇಕು. ಆದರೆ ಒಂದೇ ಚಮಚ, ತಲೆ ಸಪಾಟಾಗಿ. ಬದನೆಕಾಯಿ ಉಪ್ಪುನೀರು ಕುಡಿದಿರುತ್ತೆ, ನೆನಪಿರಲಿ…’

ಬರೆಯುತ್ತ ಬರೆಯುತ್ತ ಮಡಿಸುವ ಅಂಚಿನವರೆಗೂ ಅಕ್ಷರ ತುಂಬಿತು. ನಾನಿ ಹೇಗಿದ್ದಾರೆ ಅಂತ ಕೇಳಲು ಜಾಗ ಸಾಲದೆ, ಅಂಚಿನಲ್ಲಿ ಅಡ್ಡಲಾಗಿ ಬರೆದಳು.

ಸಂಜೆ ಯಮುನಾ ಆಂಟಿಯ ಬೆಡ್‌ಶೀಟ್ ಕೊಡವಿ ಕೊಟ್ಟು, ಅಜ್ಜಿ ಮತ್ತು ಚನ್ನುವಿನ ಜೊತೆ ಕಾಕ್ಸ್ ಟೌನಿನ ಕಡೆ ನಡೆದಳು. ಪೋಸ್ಟ್ ಆಫೀಸಿಗೆ ಬೀಗ ಹಾಕಿತ್ತು. ಹೊರಗಿನ ಕೆಂಪು ಡಬ್ಬಿಗೆ ಭಾನುವಾರದ ರಜೆ ಇಲ್ಲ. ಸುಪ್ರೀತಾ ಪತ್ರವನ್ನು ಅದರ ಬಾಯಿಗೆ ಅರ್ಧ ತೂರಿಸಿ ನಿಂತಳು.

“ಸಾಮಿಯಾ ಅಕ್ಕ ಬೈತಾಳಾ?” ಎಂದು ಚನ್ನು ಕೇಳಿದ.

“ಬೈಬಹುದು.” ಸುಪ್ರೀತಾ ಒಂದು ಕ್ಷಣ ಯೋಚಿಸಿದಳು. “ಬೈಯೋದಿದ್ರೂ ಪತ್ರ ಬರ್ದೇ ಬೈಬೇಕಲ್ಲ.”

ಬೆರಳು ಸಡಿಲಿಸಿದಳು. ಪತ್ರ ಒಳಗೆ ಬಿತ್ತು.