ಕೊನೆಯ ದೃಶ್ಯದ ರಾಗ

"ಈ ಸಂಗೀತ ಬೇಡ. ತೆಗೆದುಬಿಡಿ!"

ಕೊರಿಯಾದ ಬುಸಾನ್‌ನ ಆ ಪುಟ್ಟ ಎಡಿಟಿಂಗ್ ಕೋಣೆಯಲ್ಲಿ ಸಂಗೀತ ಸಂಯೋಜಕಿ ದಾವೊನ್‌ಗೆ ಕಪಾಳಕ್ಕೆ ಹೊಡೆದಂತಾಯಿತು. ನಿರ್ದೇಶಕ ಮುಗ್ಯೊಲ್‌ನನ್ನು ಅವಳು ಮುಖಾಮುಖಿ ಕಂಡದ್ದೇ ಅಂದು. ಫೋನಿನಲ್ಲಿ ಎಷ್ಟು ಮೆತ್ತಗಿದ್ದ ಮನುಷ್ಯ!

"ಯಾಕೆ? ಏನು ತಪ್ಪಾಗಿದೆ?"

"ರಾಗ ಚೆನ್ನಾಗಿದೆ. ಆದ್ರೆ... ಇದು ಯಂತ್ರದ ದನಿ. ಸ್ವಲ್ಪ ಕಾಯಿರಿ."

ಕಡಲಾಳಕ್ಕೆ ಮುಳುಗಿ ಚಿಪ್ಪು ಹೆಕ್ಕುತ್ತಿದ್ದ, ಈಗ ತೀರಿಹೋದ ತನ್ನ ತಾಯಿಯ ಬಗ್ಗೆ ಅವನು ಮಾಡಿದ ಸಣ್ಣ ಸಿನಿಮಾ ಅದು. ಕೊನೆಯಲ್ಲಿ ಬರೀ ಖಾಲಿ ಕಡಲು. ಅದನ್ನು ನೋಡುತ್ತಾ ಅತ್ತು ಅವಳು ಆ ರಾಗ ಕಟ್ಟಿದ್ದಳು. ಎರಡು ತಂತಿಯ ಹೇಗಮ್ ವಾದ್ಯ ನುಡಿಸುವವರು ಸಿಗದೆ, ಆ ನಾದವನ್ನು ಕಂಪ್ಯೂಟರಿನಲ್ಲೇ ಹೊರಡಿಸಿದ್ದಳು.

ಉಳಿದ ದೃಶ್ಯಗಳ ಸಂಗೀತಕ್ಕೆ ಇಬ್ಬರೂ ಕೂಡಿ ಕೂತರು. ಅವಳು ಊಟ ಮರೆತರೆ ಅವನೇ ಬಿಸಿ ಸಾರು, ಅನ್ನ ತಂದು ಮುಂದಿಡುತ್ತಿದ್ದ. ಬರಬರುತ್ತಾ ಅವನ ಹೆಜ್ಜೆ ಸದ್ದಿಗೇ ಅವಳ ತಾಳ ತಪ್ಪತೊಡಗಿತು. ಆದರೆ ಕೊನೆಯ ದೃಶ್ಯದ ಮಾತೆತ್ತಿದರೆ ಅದೇ ಉತ್ತರ... "ಸ್ವಲ್ಪ ಕಾಯಿರಿ."

ಎಷ್ಟೂಂತ ಕಾಯಲಿ?

ಒಂದು ಬೆಳಗ್ಗೆ ಎಡಿಟರ್ ಸೊರಾ ಫೋನ್ ಮಾಡಿದಳು. "ಅಕ್ಕಾ, ನಿರ್ದೇಶಕರು ನಿಂಗೆ ಹೇಳಿಲ್ವಾ? ಕೊನೇ ದೃಶ್ಯಕ್ಕೆ ಇವತ್ತು ಬೇರೆ ಸಂಗೀತಗಾರರು ಬಂದಿದ್ದಾರೆ!"

ದಾವೊನ್ ದಾರಿಯುದ್ದಕ್ಕೂ ಅಳುತ್ತಾ ಓಡಿದಳು. 'ನನ್ನ ಹೆಸರು ತೆಗೀರಿ' ಎಂದು ಕೂಗಲೆಂದೇ ಸ್ಟುಡಿಯೋ ಬಾಗಿಲು ನೂಕಿದಳು.

ಒಳಗೆ ಮುದುಕರೊಬ್ಬರು ಹೇಗಮ್ ನುಡಿಸುತ್ತಿದ್ದರು. ಅದು... ಅವಳದೇ ರಾಗ!

ನಡುವೆ ದನಿ ನಡುಗಿ ನಿಂತಿತು. ಅವರು ಕಣ್ಣೊರೆಸಿಕೊಂಡರು.

"ನಮ್ಮಪ್ಪ," ಎಂದ ಮುಗ್ಯೊಲ್ ಮೆಲ್ಲಗೆ. "ಅಮ್ಮ ಹೋದ್ಮೇಲೆ ಇದನ್ನ ಮುಟ್ಟಿರಲಿಲ್ಲ. ನನ್ ಜೊತೆ ಮಾತೂ ಇರಲಿಲ್ಲ. ನಿಮ್ ರಾಗ ಕೇಳಿಸೋಕೆ ದಿನಾ ಅವರ ಬಾಗಿಲಿಗೆ ಹೋಗ್ತಿದ್ದೆ. ಕೊನೆಗೂ ನುಡಿಸೋಕೆ ಒಪ್ಪಿದ್ರು."

"ನಂಗ್ಯಾಕೆ ಹೇಳ್ಲಿಲ್ಲ?"

"ಒಪ್ಪದಿದ್ರೆ? ಆಸೆ ಹುಟ್ಟಿಸಿ ನಿಮ್ಮನ್ನ ನೋಯಿಸೋಕೆ ಧೈರ್ಯ ಬರಲಿಲ್ಲ..."

"ಈಗ ನೋಯಿಸಿಲ್ವಾ? ಕೆಲಸ ಹೋಗುತ್ತೆ ಅಂತ ಅತ್ತಿದ್ದಲ್ಲ ನಾನು. ನಿಮ್ಮನ್ನ ನೋಡೋಕೆ ಇನ್ನು ನೆಪಾನೇ ಇರಲ್ಲ ಅಂತ!"

ಬಾಯಿ ತಪ್ಪಿ ಬಂದೇಬಿಟ್ಟಿತು.

ಮುದುಕರು ನಕ್ಕರು. "ಏನೋ, ಹುಡುಗೀನೇ ಹೇಳಿದ್ಮೇಲೂ ಕಂಬದ ಹಾಗೆ ನಿಂತಿದ್ದೀಯಲ್ಲೋ!"

ಮುಗ್ಯೊಲ್‌ನ ಕಿವಿ ಕೆಂಪಾಯಿತು. ಕೈ ಚಾಚಿದ.

"ಬಾ, ದಾವೊನ್."

ಇಷ್ಟು ದಿನ 'ದಾವೊನ್ ಅವರೇ' ಎನ್ನುತ್ತಿದ್ದವನು!

"ಏನಂದ್ರಿ? ಇನ್ನೊಂದ್ಸಲ..."

"ಬಾ, ದಾವೊನ್."

ಅವಳು ಆ ಕೈ ಹಿಡಿದಳು. "ಬಂದೆ ಕಣೋ."