ಎಡಕ್ಕೆ ಸುತ್ತಿದ ಚಿಪ್ಪು

ಚಿತ್ರದ ಪುಟದ ಮೇಲೆ ಕೆಂಪು ಪೆನ್ಸಿಲ್ಲಿನ ಎರಡೇ ಎರಡು ಪದಗಳಿದ್ದವು: ‘ಚಿಪ್ಪು ತಪ್ಪು.’

ಮೂವತ್ತೆರಡು ಪುಟ, ಹದಿನಾಲ್ಕು ತಿಂಗಳ ಕೆಲಸ. ಇಷ್ಟು ದಿನ ಬೇರೆಯವರ ಕತೆಗಳಿಗೆ ಚಿತ್ರ ಬರೆದವಳು ಈ ಸಲ ಕತೆಯನ್ನೂ ತಾನೇ ಕಟ್ಟಿದ್ದಳು. ಒಬ್ಬ ಪುಟ್ಟ ಹುಡುಗಿ ಒಂದು ಬಸವನಹುಳುವಿನ ಬೆನ್ನು ಹತ್ತಿ, ಅದೇನು ತಿನ್ನುತ್ತದೆ, ಎಲ್ಲಿ ಮಲಗುತ್ತದೆ, ಬೆನ್ನ ಮೇಲಿನ ಮನೆ ಹೇಗೆ ದೊಡ್ಡದಾಗುತ್ತದೆ ಎಂದು ಒಂದೊಂದಾಗಿ ಕಂಡುಹಿಡಿಯುವ ಕತೆ. ಅಂಥದ್ದಕ್ಕೆ ಎರಡು ಪದದ ಷರಾ.

ಪುಟ ಹಿಡಿದು ನೇರ ಮೂರನೆಯ ಮಹಡಿ ಹತ್ತಿದಳು. ಆ ಪ್ರಕಾಶನದಲ್ಲಿ ಮಕ್ಕಳ ಪುಸ್ತಕಗಳ ಸರಿತಪ್ಪು ನೋಡಲು ಹೊಸಬನೊಬ್ಬ ಬಂದಿದ್ದ. ಆಫೀಸಿನವರು ಆಗಲೇ ಅವನಿಗೆ ‘ಕೆಂಪು ಪೆನ್ಸಿಲ್’ ಎಂದು ಹೆಸರಿಟ್ಟಾಗಿತ್ತು. ಗಂಟುಮೋರೆಯ ಮುದುಕನೊಬ್ಬನನ್ನು ಎಣಿಸಿಕೊಂಡು ಹೋದವಳಿಗೆ ಸಿಕ್ಕಿದ್ದು ಮೂವತ್ತರ ಆಸುಪಾಸಿನವನು. ಕಿಟಕಿಯ ಕಟ್ಟೆಯ ಮೇಲೆ ಗಲ್ಲವೂರಿ, ಉಸಿರು ಬಿಗಿಹಿಡಿದು ಇರುವೆಸಾಲು ನೋಡುತ್ತಿದ್ದ.

“ಒಂದ್ನಿಮಿಷ,” ಎಂದ, ತಿರುಗದೆಯೇ. “ಎದುರೆದುರು ಸಿಕ್ಕಾಗೆಲ್ಲ ನಿಂತು ಮಾತಾಡಿಸ್ಕೊಂಡೇ ಹೋಗ್ತಿವೆ, ನೋಡಿ.”

“ನಾನೂ ಮಾತಾಡಿಸೋಕೇ ಬಂದಿದ್ದು. ಚಿಪ್ಪಿಗೆ ಏನಾಗಿದೆ?”

ಅವನು ತಿರುಗಿದ. ಗಲ್ಲದ ಮೇಲೆ ಕಿಟಕಿಯ ಧೂಳು ಅಂಟಿತ್ತು. ಬೈಯಲೆಂದು ಬಂದವಳಿಗೆ ಮೊದಲು ಅದನ್ನು ಒರೆಸಬೇಕೆನಿಸಿ ತನ್ನ ಮೇಲೆಯೇ ಸಿಟ್ಟು ಬಂತು.

“ಎಡಕ್ಕೆ ಸುತ್ತಿದೆ. ತೋಟದ ಬಸವನಹುಳುಗಳದ್ದು ಬಲಕ್ಕೆ ಸುತ್ತಿರುತ್ತೆ. ಮೂವತ್ತೆರಡು ಪುಟದಲ್ಲೂ ಬಿಡದೆ ಒಂದೇ ತಪ್ಪು ಮಾಡೋಕೂ ಶಿಸ್ತು ಬೇಕು ಬಿಡಿ.”

ಅವಳು ತನ್ನ ಕೈ ನೋಡಿಕೊಂಡಳು. ಎಡಗೈ. ಸುರುಳಿ ಬರೆಯುವಾಗ ಅದು ತನಗೆ ಸಲೀಸಾದ ಕಡೆಗೆ ತನ್ನ ಪಾಡಿಗೆ ತಿರುಗಿಬಿಟ್ಟಿತ್ತು.

“ಕಂಪ್ಯೂಟರ್‌ನಲ್ಲಿ ಚಿತ್ರಾನ ಕನ್ನಡಿಯೊಳಗೆ ಕಂಡ ಹಾಗೆ ತಿರುಗಿಸಿಬಿಡಿ. ಎರಡು ನಿಮಿಷದ ಕೆಲಸ.”

“ಹುಳು ಹುಡುಗಿಯ ಕೈ ಮೇಲೇ ಇದೆ. ಚಿತ್ರ ತಿರುಗಿಸಿದ್ರೆ ಅವಳೂ ಬಲಗೈಯವಳಾಗ್ತಾಳೆ.”

“ಆದ್ರೇನು?”

“ಆಗಬಾರದು.” ಎದುರಿನ ಕುರ್ಚಿ ಎಳೆದುಕೊಂಡು ಕುಳಿತಳು. “ಚಿಕ್ಕವಳಿದ್ದಾಗ ಅಜ್ಜಿ ಕತೆ ಹೇಳೋರು. ರಾಜಕುಮಾರಿ ಯಾವ ಕೈಲಿ ಕತ್ತಿ ಹಿಡಿದಿದ್ಲು ಅಂತ ನಾನು ಪ್ರತಿಸಲ ಕೇಳ್ತಿದ್ದೆ. ಅಜ್ಜಿ ನನ್ನ ಎಡಗೈ ಹಿಡಿದು, ‘ಈ ಕೈಲಿ ಕಣೇ, ಇನ್ಯಾವುದ್ರಲ್ಲಿ’ ಅನ್ನೋರು. ಆಮೇಲೆ ನಾನು ಓದಿದ ಪುಸ್ತಕಗಳಲ್ಲಿ ಅಂಥವಳು ಒಬ್ಬಳೂ ಸಿಗಲಿಲ್ಲ. ಇವಳೊಬ್ಬಳು ಇರಲಿ.”

ಅವನು ಪುಟವನ್ನು ಮತ್ತೊಮ್ಮೆ ನೋಡಿದ. ಈ ಸಲ ಹುಳುವನ್ನಲ್ಲ, ಹುಡುಗಿಯನ್ನು.

“ಎಡಕ್ಕೆ ಸುತ್ತಿದ್ದು ಲೋಕದಲ್ಲೇ ಇಲ್ವಾ?” ಎಂದಳು.

“ಇದೆ. ಎಷ್ಟೋ ಸಾವಿರಕ್ಕೊಂದು. ನಾನು ನೋಡಿಲ್ಲ. ಕಣ್ಣಾರೆ ನೋಡದ್ದಕ್ಕೆ ಸಹಿ ಹಾಕಲ್ಲ.”

ಅದು ಅವನ ಪದ್ಧತಿ. ಸೋಪಿನ ಗುಳ್ಳೆಗಳ ಪುಸ್ತಕಕ್ಕೆಂದು ಅರ್ಧ ದಿನ ಬಚ್ಚಲಲ್ಲಿ ಕುಳಿತಿದ್ದನಂತೆ. ನೆರಳಿನ ಪುಸ್ತಕಕ್ಕೆಂದು ಗಂಟೆಗೊಮ್ಮೆ ಟೆರೇಸಿಗೆ ಹೋಗಿ ತನ್ನ ನೆರಳನ್ನೇ ಅಳೆದಿದ್ದನಂತೆ.

“ಹಾಗಾದ್ರೆ ತೋರಿಸ್ತೀನಿ. ನಾಳೆ ಬೆಳಿಗ್ಗೆ ಆರೂವರೆಗೆ ಹಿಂದಿನ ಪಾರ್ಕಿಗೆ ಬನ್ನಿ.”

“ಸಿಗದಿದ್ರೆ?”

“ಸಿಗುತ್ತೆ,” ಎಂದಳು, ಬೀಗದ ಕೈ ಎಲ್ಲಿಟ್ಟಿದೆಯೆಂದು ಗೊತ್ತಿರುವವರ ಹಾಗೆ.

ಆಫೀಸಿಗೆಲ್ಲ ದೊಡ್ಡಮ್ಮನಾಗಿದ್ದ ಒಡತಿ ಇಬ್ಬರ ಮಾತನ್ನೂ ಕೇಳಿ, ಕನ್ನಡಕದ ಮೇಲಿಂದ ನೋಡಿದರು. “ಇವತ್ತು ಶುಕ್ರವಾರ. ಬರೋ ವಾರದ ಶನಿವಾರ ಹತ್ತು ಗಂಟೆಗೆ ಪುಸ್ತಕ ಅಚ್ಚಿಗೆ ಹೋಗುತ್ತೆ. ಅಷ್ಟರಲ್ಲಿ ಇವನ ಸಹಿ ಬೀಳಲಿಲ್ವೋ, ತಿರುಗಿಸಿಯೇ ಅಚ್ಚು ಹಾಕಿಸ್ತೀನಿ. ಆಮೇಲೆ ಮುಖ ಊದಿಸ್ಕೊಂಡು ಬರಬೇಡ ತಾಯಿ.”

ಹಾಗೆ ಶುರುವಾಯಿತು.

ಪಾರ್ಕಿನಲ್ಲಿ ಆ ಹೊತ್ತಿಗೆ ಹುಲ್ಲೆಲ್ಲ ಒದ್ದೆ. ಅವನು ಕಲ್ಲುಬೆಂಚುಗಳ ಅಡಿ ನೋಡಿದರೆ ಅವಳು ಬೇಲಿಯ ಬುಡ ನೋಡುವಳು. ಸಿಕ್ಕ ಹುಳುವನ್ನು ಅಂಗೈ ಮೇಲಿಟ್ಟು, ತಲೆಗೆ ತಲೆ ತಾಗುವಷ್ಟು ಬಗ್ಗಿ, “ಬಲ,” “ಇದೂ ಬಲ,” ಎನ್ನುವರು. ಅವಳ ಕೂದಲೊಂದು ಅವನ ಕೆನ್ನೆಗೆ ಸೋಕಿದಾಗ ಅವನು ಎಣಿಕೆ ತಪ್ಪುವನು. ಅವಳು ಬೇಕೆಂದೇ ಎಷ್ಟಾಯಿತೆಂದು ಕೇಳುವಳು.

ಹೊರಡುವ ಮುನ್ನ ಅವನು ಅಂಗಿಯ ಜೇಬಿನಿಂದ ಪುಟ್ಟ ತಗಡಿನ ಡಬ್ಬಿ ತೆಗೆದು ಅವಳಿಗೆ ಒಂದು ಪೆಪ್ಪರಮೆಂಟು ಕೊಡುವನು. ಒಂದೇ.

“ಎರಡು ಕೊಟ್ರೆ ಆಸ್ತಿ ಕರಗುತ್ತಾ?”

“ನಾಳೆಗೂ ಬೇಕಲ್ಲ.”

ಎರಡನೆಯ ದಿನ ಬೆಂಚಿನ ಮೇಲೆ ಕುಳಿತು ಅವನೇ ಹೇಳಿದ: “ಎಡಕ್ಕೆ ಸುತ್ತಿದ್ದಕ್ಕೆ ಒಂದು ಕಷ್ಟ ಇದೆ. ಬಲಕ್ಕೆ ಸುತ್ತಿದ್ದರ ಜೊತೆ ಅದಕ್ಕೆ ಕೂಡಿಬರಲ್ಲ. ತನ್ನಂಥದ್ದೇ ಇನ್ನೊಂದು ಸಿಗಬೇಕು.”

“ಪಾಪ. ಸಿಗುತ್ತಾ?”

“ಸಿಗದೇ ಇರೋದೇ ಹೆಚ್ಚು.” ಹಾಗೆಂದವನು ಹುಲ್ಲು ನೋಡಲಿಲ್ಲ, ಅವಳನ್ನು ನೋಡಿದ. ಅವಳೂ ನೋಟ ತಪ್ಪಿಸಲಿಲ್ಲ. ಕೊನೆಗೆ ಅವನೇ ಸೋತು ಶೂಗಳ ಲೇಸು ಬಿಚ್ಚಿ ಮತ್ತೆ ಕಟ್ಟಿಕೊಂಡ.

ಮೂರನೆಯ ದಿನ, ಸೋಮವಾರ, ಮೂಲೆಯ ಬೆಂಚಿನ ಹಿಂದೆ ಅವನು ತುಂಬ ಹೊತ್ತು ಕುಕ್ಕರಗಾಲಲ್ಲಿ ಕುಳಿತಿದ್ದ. ಎದ್ದು ಬಂದವನು ಡಬ್ಬಿಯನ್ನೇ ಅವಳ ಅಂಗೈಗೆ ಸುರಿದ. ಏಳು ಪೆಪ್ಪರಮೆಂಟು.

“ಇದೇನು, ಇವತ್ತು ಕರ್ಣನ ಅವತಾರ?”

“ತಿನ್ನಿ. ಹಳೇದಾಗ್ತಿವೆ.” ಅವನ ಕಿವಿಯ ತುದಿ ಕೆಂಪಾಗಿತ್ತು.

ಅವಳು ಮತ್ತೇನೂ ಕೇಳಲಿಲ್ಲ. ಮಂಗಳವಾರ, ಬುಧವಾರ, ಗುರುವಾರ, ಶುಕ್ರವಾರ ಹುಡುಕಿದ್ದೇ ಹುಡುಕಿದ್ದು. ಬಲ. ಇದೂ ಬಲ. ಆಫೀಸಿನವರು, “ಹುಡುಗಿ ಕೈ ಬದಲಾಯ್ತಾ?” ಎಂದು ಕೆಣಕಿದರೆ, “ಶನಿವಾರ ಬಂದು ನೋಡಿ,” ಎಂದು ನಕ್ಕು ಬಣ್ಣ ಕಲಸುತ್ತಿದ್ದಳು.

ಶನಿವಾರ ಅವನು ಅವಳಿಗಿಂತ ಮುಂಚೆಯೇ ಬಂದು ಕುಳಿತಿದ್ದ. ನಿದ್ದೆಗೆಟ್ಟ ಮುಖ.

“ನನ್ನಿಂದ ಒಂದು ತಪ್ಪಾಗಿದೆ,” ಎಂದು ಡಬ್ಬಿ ತೆಗೆದು ಇಬ್ಬರ ನಡುವೆ ಇಟ್ಟ. ಮುಚ್ಚಳದಲ್ಲಿ ಸೂಜಿಯಿಂದ ಚುಚ್ಚಿದ ತೂತುಗಳಿದ್ದವು. ಒಳಗೆ ಹಸಿರೆಲೆಯೊಂದರ ಮೇಲೆ, ಎರಡು ಕೊಂಬು ಚಾಚಿ, ಥೇಟು ಅವಳ ಚಿತ್ರದ್ದೇ ಹುಳು. ಸುರುಳಿ ಎಡಕ್ಕೆ.

“ಯಾವತ್ತು ಸಿಕ್ತು?”

“ಸೋಮವಾರ. ಕೆಲಸದಲ್ಲಿ ಯಾವತ್ತೂ ಯಾರಿಗೂ ಏನೂ ಮುಚ್ಚಿಟ್ಟವನಲ್ಲ ನಾನು. ಆದ್ರೆ ಹೇಳಿಬಿಟ್ಟಿದ್ರೆ ಹುಡುಕಾಟ ಮುಗಿದುಹೋಗ್ತಿತ್ತು. ಮಾರನೇ ದಿನ ನೀವು ಬರ್ತಿರಲಿಲ್ಲ. ನಿಮ್ಮ ಪುಸ್ತಕ ಅಂತ ಗೊತ್ತಿದ್ದೂ...” ಡಬ್ಬಿಯನ್ನು ಅವಳ ಕಡೆ ಸರಿಸಿದ. “ನೀವು ಬೈಯಬಹುದು.”

ಅವಳು ಚೀಲದಿಂದ ಕರವಸ್ತ್ರ ತೆಗೆದು ಗಂಟು ಬಿಚ್ಚಿದಳು. ಏಳು ಪೆಪ್ಪರಮೆಂಟು, ಒಂದೂ ತಿಂದಿರಲಿಲ್ಲ.

“ಒಂದರ ಮೇಲೆ ಎರಡನೇದು ಕೊಡದ ಮನುಷ್ಯ ಡಬ್ಬಿಯನ್ನೇ ಖಾಲಿ ಮಾಡಿದ್ರೆ, ಡಬ್ಬಿ ಬೇರೇನಕ್ಕೋ ಬೇಕಾಗಿದೆ ಅಂತ ಅರ್ಥ. ನನಗೆ ಸೋಮವಾರವೇ ಗೊತ್ತಾಯ್ತು.”

“ಮತ್ತೆ... ಯಾಕೆ ಕೇಳಲಿಲ್ಲ?”

“ಕೇಳಿದ್ರೆ ಹುಡುಕಾಟ ಮುಗಿದುಹೋಗ್ತಿತ್ತು.”

ಅವನು ನಕ್ಕ. ಮೊದಲು ಮೆಲ್ಲಗೆ, ಆಮೇಲೆ ಹೊಟ್ಟೆ ಹಿಡಿದುಕೊಂಡು. ನಗು ನಿಂತ ಮೇಲೆ, ಅವಳು ಚೀಲದಿಂದ ತೆಗೆದ ಚಿತ್ರದ ಪುಟ ಇಸಕೊಂಡು, ತನ್ನ ಎರಡು ಪದಗಳ ಮೇಲೆ ಗೀಟು ಹಾಕಿ, ಕೆಳಗೆ ಬರೆದ: ‘ಕಣ್ಣಾರೆ ನೋಡಿದ್ದೇನೆ.’ ಅದರ ಕೆಳಗೆ ಸಹಿ. ಪುಟದಲ್ಲಿ ಪುಟ್ಟ ಹುಡುಗಿ ಎಡಗೈ ಚಾಚಿಕೊಂಡು ಹಾಗೆಯೇ ಕುಳಿತಿದ್ದಳು.

ಹುಳುವನ್ನು ಸಿಕ್ಕಿದ ಜಾಗದಲ್ಲೇ, ಮೂಲೆಯ ಬೆಂಚಿನ ಹಿಂದೆ ಬಿಟ್ಟರು. ಅದು ಯಾವ ಅವಸರವೂ ಇಲ್ಲದೆ ಎಲೆಯ ಮೇಲೆ ಹೊರಟಿತು.

“ಇದಕ್ಕೆ ಜೊತೆ?” ಎಂದಳು.

“ಹುಡುಕಬೇಕು. ವರ್ಷಗಟ್ಟಲೆ ಹಿಡಿಯಬಹುದು.”

“ನನಗೆ ಬಿಡುವಿದೆ.” ಅವಳು ಎಡಗೈಯಿಂದ ಅವನ ಬಲಗೈ ಹಿಡಿದುಕೊಂಡಳು, ಪೆನ್ಸಿಲ್ ಸಮೇತ. ಬೆರಳುಗಳು ತಡಕಾಡದೆ ಒಂದರೊಳಗೊಂದು ಕೂತವು.

“ಹಾಗಾದ್ರೆ ನಾಳೆ ಆರೂವರೆಗೆ?” ಎಂದ.

“ಆರಕ್ಕೇ ಬನ್ನಿ,” ಎಂದಳು. “ಡಬ್ಬಿ ಎರಡು ತನ್ನಿ. ಪೆಪ್ಪರಮೆಂಟಿಗೂ ಒಂದು ಬೇಕಲ್ಲ.”