ಹತ್ತಕ್ಕೆ ಹತ್ತೂ ತಪ್ಪು

ಗಂಡನ ಅಂತ್ಯಕ್ರಿಯೆ ಮುಗಿದು, ನೆಂಟರೆಲ್ಲ ಹೊರಟುಹೋದ ಮೇಲಿನ ಮೊದಲ ಸೋಮವಾರ. ಬಚ್ಚಲಮನೆಯ ಬಾಗಿಲು ಬಡಿದು ‘ಇನ್ನೂ ಎಷ್ಟು ಹೊತ್ತು?’ ಎಂದು ಕೇಳಬೇಕಾಗಿರಲಿಲ್ಲ. ಹಾಗಾಗಿ ಅವಳು ಇಪ್ಪತ್ತು ನಿಮಿಷ ಮೊದಲೇ ಕೆಲಸಕ್ಕೆ ಬಂದಳು. ಬಂದರೆ, ನೆನಪಿನ ಚಿಕಿತ್ಸಾಲಯದ ದೊಡ್ಡ ಡಾಕ್ಟರು ಕಬ್ಬಿಣದ ಬೀರುವಿನ ಮುಂದೆ ಮಂಡಿಯೂರಿ ಕೂತಿದ್ದರು. ಸುತ್ತ ಫೈಲುಗಳ ರಾಶಿ.

“ನೀನು ಇವತ್ತೇ ಬರ್ತೀಯ ಅಂದುಕೊಂಡಿರಲಿಲ್ಲ.”

“ಮನೇಲಿ ಗೋಡೆ ನೋಡಿ ಸಾಕಾಯ್ತು. ಏನು ಹುಡುಕ್ತಿದೀರಿ?”

ಡಾಕ್ಟರು ಕನ್ನಡಕ ತೆಗೆದು ಒರೆಸಿದರು. ಒರೆಸಿದ್ದನ್ನೇ ಮತ್ತೆ ಒರೆಸಿದರು.

“ಒಂದು ಉತ್ತರದ ಹಾಳೆ ಕಳುವಾಗಿದೆ. ನಿನ್ನ ಗಂಡ ನಡೆಸಿದ ಕೊನೇ ಪರೀಕ್ಷೆಯದ್ದು.”

ಅವಳ ಗಂಡ ಅಲ್ಲಿ ಪರೀಕ್ಷಕನಾಗಿದ್ದ. ಮರೆವು ಶುರುವಾಗಿದೆಯೇನೋ ಎಂಬ ಅನುಮಾನವಿದ್ದವರನ್ನು ಎದುರು ಕೂರಿಸಿಕೊಂಡು ಮುಕ್ಕಾಲು ಗಂಟೆ ಪ್ರಶ್ನೆ ಕೇಳುವುದು ಅವನ ಕೆಲಸ. ಇವತ್ತು ಯಾವ ವಾರ? ನೂರರಿಂದ ಏಳೇಳು ಕಳೆಯುತ್ತ ಬನ್ನಿ. ಒಂದು ನಿಮಿಷದಲ್ಲಿ ಎಷ್ಟಾಗುತ್ತೋ ಅಷ್ಟು ಪ್ರಾಣಿಗಳ ಹೆಸರು ಹೇಳಿ. ಒಂದು ಗಡಿಯಾರ ಬರೆದು ಹನ್ನೊಂದು ಗಂಟೆ ಹತ್ತು ನಿಮಿಷ ತೋರಿಸಿ. ಒಟ್ಟು ಮೂವತ್ತು ಅಂಕ. ಸಂಖ್ಯಾಶಾಸ್ತ್ರ ಓದಿದ ಅವಳದು ಹಿಂದಿನ ಕೋಣೆ. ಹೆಸರು ಮುಚ್ಚಿದ ಅದೇ ಹಾಳೆಗಳನ್ನು ಎರಡನೇ ಸಲ ತಿದ್ದುವುದು ಅವಳ ಕೆಲಸ. ಇಬ್ಬರ ಅಂಕ ತಾಳೆಯಾದ ಮೇಲೇ ಅಂಕದ ಚೀಟಿ ಹೊರಗೆ ಹೋಗಬೇಕು.

ಈ ಚೀಟಿ ಅವಳ ಕೈಗೆ ಬಾರದೆಯೇ ಹೋಗಿತ್ತು.

“ಪಿ.ಟಿ. ಮೇಡಂ ಅಂತ. ಶಾಲೆ ಮಕ್ಕಳನ್ನ ಮೂವತ್ತು ವರ್ಷ ಮೈದಾನದಲ್ಲಿ ಓಡಿಸಿದವರು,” ಎಂದರು ಡಾಕ್ಟರು. “ಚೀಟಿಯಲ್ಲಿ ಹದಿನಾಲ್ಕು ಅಂತಿದೆ. ಹದಿನೆಂಟಕ್ಕಿಂತ ಕಡಿಮೆ ಬಂದವರಿಗೆ ಎದುರಿನ ಆರೈಕೆ ಮನೆಯಲ್ಲಿ ಹಾಸಿಗೆ. ಇವತ್ತು ನಾಲ್ಕಕ್ಕೆ ಸಮಿತಿ ಸೇರುತ್ತೆ. ಆದ್ರೆ ಬೆಳಿಗ್ಗೇನೇ ಅವರ ಮಗಳು ಬಂದು ಕೂಗಾಡಿದ್ಲು. ‘ನಾನು ಎರಡನೇ ಕ್ಲಾಸಲ್ಲಿ ಕಳೆದ ರಬ್ಬರಿನ ಬಣ್ಣ ನಮ್ಮಮ್ಮನಿಗೆ ನೆನಪಿದೆ, ಯಾವ ಪುಣ್ಯಾತ್ಮ ಹದಿನಾಲ್ಕು ಕೊಟ್ಟಿದ್ದು?’ ಅಂತ.”

“ಚೀಟಿ ಮೇಲಿರೋದು ಅವನ ಸಹೀನಾ?”

“ಅವನದೇ. ತಲೆನೋವು ಅದೇ. ಯಾರೋ ಕೇಳಿಕೊಂಡರು ಅಂತ ಅಂಕ ಇಳಿಸಿ, ಹಾಳೆ ಹರಿದು ಹಾಕಿದ್ದಾನೆ ಅಂತಾರೆ ಸಮಿತಿಯವರು. ಆಮೇಲೆ ನಾಲ್ಕು ವರ್ಷದಲ್ಲಿ ಅವನು ಕೊಟ್ಟ ಒಂದೊಂದು ಅಂಕಾನೂ ಸುಳ್ಳು ಅಂತಾಗುತ್ತೆ. ಆರುನೂರು ಜನರದ್ದು.”

“ನೀವೇನಂತೀರಿ?”

“ನಾನು ಹಾಳೆ ಹುಡುಕ್ತಿದೀನಲ್ಲಮ್ಮ.”

ಹತ್ತು ದಿನಗಳಿಂದ ಎಲ್ಲರೂ ಅವಳನ್ನು ನೋಡಿ ‘ಕಲ್ಲಾಗಿಬಿಟ್ಟಿದ್ದಾಳೆ’ ಎಂದು ಪಿಸುಗುಟ್ಟುತ್ತಿದ್ದರು. ನಿಜವೇ ಇರಬೇಕು, ಏನೂ ತಾಗುತ್ತಿರಲಿಲ್ಲ. ಇದು ತಾಗಿತು. ಅವಳು ಗೋಡೆ ಗಡಿಯಾರ ನೋಡಿದಳು. ಒಂಬತ್ತು ಹತ್ತು.

* * *

ಬೀರುವಿಗೆ ಎರಡು ಕೀಲಿ. ಒಂದು ಗಂಡನ ಹತ್ತಿರವಿತ್ತು. ಇನ್ನೊಂದು ಹೊರಗಿನ ಮೇಜಿನ ಹೆಂಗಸಿನ ಸೊಂಟದಲ್ಲಿ. ನಡೆದರೆ ಝಣಝಣ ಎನ್ನುತ್ತಿದ್ದುದರಿಂದ ಆಕೆಗೆ ಎಲ್ಲರೂ ಇಟ್ಟ ಹೆಸರು ಕೀಲಿಯಕ್ಕ.

“ಅಕ್ಕ, ಈ ನಡುವೆ ಬೀರು ತೆಗೆದಿದ್ರಾ?”

ಕೀಲಿಯಕ್ಕ ತಲೆ ತಗ್ಗಿಸಿದರು. “ತೆಗೆದೆ ಕಣೇ. ನಿನ್ನ ಮುಖ ನೋಡ್ಕೊಂಡು ಸುಳ್ಳು ಹೇಳೋಕಾಗಲ್ಲ.”

ಮೇಜಿನ ಖಾನೆ ಎಳೆದರು. ಒಳಗೆ ಹಿಡಿ ಮುರಿದ ಒಂದು ಪಿಂಗಾಣಿ ಲೋಟ, ಬಟ್ಟೆಯಲ್ಲಿ ಸುತ್ತಿಟ್ಟದ್ದು.

“ಬೀರುವಲ್ಲಿ ಇಟ್ಕೊಂಡಿದ್ದ ನಿನ್ನ ಗಂಡ. ಹೊಸಬರು ಬಂದ್ರೆ ಎಸೀತಾರೆ ಅಂತ ಎತ್ತಿಟ್ಟೆ. ಹೊಸದು ತಂದ್ಕೊಡ್ತೀನಿ ಮಾರಾಯ ಅಂದ್ರೆ, ‘ಇದಕ್ಕೇನಾಗಿದೆ, ಕಿವಿ ಕೇಳಲ್ಲ ಅಷ್ಟೆ’ ಅಂತಿದ್ದ.”

ಅವಳಿಗೆ ನಗು ಬಂತು. ಬಂದದ್ದಕ್ಕೆ ತನಗೇ ಆಶ್ಚರ್ಯವಾಯಿತು.

“ಹಾಳೆ?”

“ಹಾಳೆ ಮುಟ್ಟಿಲ್ಲ. ಸುದ್ದಿ ಬಂದ ಮಾರನೇ ದಿನ ಅವನ ಟೇಬಲ್ ಒಪ್ಪ ಮಾಡಿದೆ. ಹಾಗೆ ಹರಡಿಕೊಂಡಿದ್ದನ್ನ ನೋಡೋಕಾಗ್ಲಿಲ್ಲ. ಪೆನ್ನು ಪೆನ್ನಿನ ಜಾಗಕ್ಕೆ, ಪಿನ್ನು ಪಿನ್ನಿನ ಡಬ್ಬಿಗೆ. ಟ್ರೇನಲ್ಲಿದ್ದ ಚೀಟಿಗಳನ್ನ ನೇರ ಮಾಡಿ ಕಳಿಸಿದೆ.”

“ನೇರ ಮಾಡಿ ಅಂದ್ರೆ?”

“ಒಂದು ಬೋರಲು ಬಿದ್ದಿತ್ತು. ಅದನ್ನ ತಿರುಗಿಸಿ ಉಳಿದವುಗಳ ಜೊತೆ…”

ಕೀಲಿಯಕ್ಕನ ಕೈ ತಾನಾಗಿ ಬಾಯಿಗೆ ಹೋಯಿತು. ಆ ಟೇಬಲ್ಲಿನ ಕಾಯಿದೆ ಇಬ್ಬರಿಗೂ ಗೊತ್ತಿತ್ತು. ಚೀಟಿಯ ಮುಖ ಮೇಲಿದ್ದರೆ ಕಳಿಸು. ಬೋರಲಿದ್ದರೆ ತಡಿ, ಅನುಮಾನವಿದೆ.

“ನನ್ನ ಕೈಗಿಷ್ಟು ಬೆಂಕಿ ಬೀಳ. ನಾನೇ ಕಳಿಸಿಬಿಟ್ನಾ?”

“ಇರ್ಲಿ ಬಿಡಿ ಅಕ್ಕ. ಅವನಿಗೆ ಅನುಮಾನ ಇತ್ತು ಅಂತ ಗೊತ್ತಾಯ್ತಲ್ಲ. ಅಷ್ಟೇ ಸಾಕು.”

* * *

ಮೇಡಂ ಮಗಳು ಮೊಗಸಾಲೆಯ ಬೆಂಚಿನ ಮೇಲೆ, ಕೈಚೀಲವನ್ನು ಗುರಾಣಿಯಂತೆ ಮುಂದೆ ಹಿಡಿದು ಕೂತಿದ್ದಳು. ಅಮ್ಮ ಆರೈಕೆ ಮನೆಗೆ ಹೋಗುವುದು ಬೇಡ ಎನ್ನುವವಳು ಇವಳೊಬ್ಬಳೇ. ಹಾಳೆ ಇವಳೇ ಎಗರಿಸಿದ್ದಾಳೆಯೇ?

“ನೀವು ಆ ದಿನ ಅಮ್ಮನ ಜೊತೆ ಬಂದಿದ್ರಾ?”

“ಇಲ್ಲ. ನನಗೆ ಹೇಳದೆ ಬಂದಿದ್ದಾರೆ. ಯಾಕೆ, ನಾನು ಕದ್ದೆ ಅಂತಾನಾ?” ಅವಳು ಮೂಗು ಮುರಿದಳು. “ಹಾಳೆ ನನ್ನ ಹತ್ರ ಇದ್ದಿದ್ರೆ ನಿಮ್ಮ ಡಾಕ್ಟರ ಮುಖಕ್ಕೆ ಹಿಡಿದು, ಇದೇನ್ರೀ ಅಂತ ಕೇಳ್ತಿದ್ದೆ. ಬೆಳಿಗ್ಗೆಯಿಂದ ಈ ಬೆಂಚು ಸವೆಸ್ತಿದ್ನಾ?”

ಮಾತು ಸರಿಯಾಗಿತ್ತು. ಹಾಳೆ ತೋರಿಸಿ ಎನ್ನುವವರು ಹಾಳೆ ಬಚ್ಚಿಡುವುದಿಲ್ಲ.

ಹಾಗಿದ್ದರೆ? ಅವಳು ತನ್ನ ಕೋಣೆಗೆ ಹೋಗಿ ಕೂತಳು. ಆ ಕೊನೆಯ ದಿನ ಅವನು ಯೋಚಿಸಿದಂತೆ ಯೋಚಿಸಲು ನೋಡಿದಳು. ಶುಕ್ರವಾರ. ಹಾಳೆ ಅನುಮಾನದ್ದು. ಎರಡನೇ ಸಲ ತಿದ್ದುವವರ ಕಣ್ಣು ಬೇಕು. ತಿದ್ದುವವಳು ಎಲ್ಲಿ?

ಶುಕ್ರವಾರ ಅವಳು ಜ್ವರವೆಂದು ಮನೆಯಲ್ಲಿ ಮಲಗಿದ್ದಳು.

* * *

ಆ ಶುಕ್ರವಾರ ಸಂಜೆ, ಮನೆಗೆ ಬರುವಾಗ, ಅವನು ಬಸ್ ನಿಲ್ದಾಣದಲ್ಲಿ ಕುಸಿದಿದ್ದ. ಜೇಬಿನಲ್ಲಿದ್ದುದನ್ನೆಲ್ಲ ಆಸ್ಪತ್ರೆಯವರು ಕಂದು ಲಕೋಟೆಯಲ್ಲಿ ಹಾಕಿ ಕೊಟ್ಟಿದ್ದರು. ಅದನ್ನು ಅವಳು ಮನೆಯ ಬೀರುವಿನ ಮೇಲೆ, ಕುರ್ಚಿ ಹಾಕದೆ ಕೈಗೆಟುಕದ ಕಡೆ ಇಟ್ಟಿದ್ದಳು. ಈಗ ಮನೆಗೆ ಹೋಗಿ ಕುರ್ಚಿ ಹಾಕಿದಳು.

ಕೀಲಿ. ಕರವಸ್ತ್ರ. ಅರ್ಧ ಮುಗಿದ ಪೆಪ್ಪರಮಿಂಟಿನ ಸುರುಳಿ. ತಮ್ಮದಲ್ಲದ ಒಂದು ಹಳೆಯ ಉಕ್ಕಿನ ಸ್ಟಾಪ್‌ವಾಚ್. ನಾಲ್ಕಾಗಿ ಮಡಿಸಿದ ಹಾಳೆಗಳು.

ಹಾಳೆ ಹೊರಗೆ ಒಯ್ಯಬಾರದೆಂಬ ನಿಯಮವನ್ನು ನಾಲ್ಕು ವರ್ಷದಲ್ಲಿ ಒಮ್ಮೆ ಮುರಿದಿದ್ದ. ಅವಳಿಗೆ ತೋರಿಸಲು.

ಅವಳು ಊಟದ ಮೇಜಿನ ಮೇಲೆ ಹಾಳೆ ಬಿಡಿಸಿ, ಪೆನ್ಸಿಲು ಹಿಡಿದು, ಹೊಸ ಹಾಳೆಯಂತೆಯೇ ತಿದ್ದಿದಳು. ಹದಿನಾಲ್ಕೇ ಬಂತು. ಅವನು ಒಂದಂಕವನ್ನೂ ಇಳಿಸಿರಲಿಲ್ಲ. ಬರೆದದ್ದಕ್ಕೆ ಬಂದಷ್ಟು ಕೊಟ್ಟಿದ್ದ.

ಆದರೆ ಬರೆದದ್ದು ವಿಚಿತ್ರವಾಗಿತ್ತು. ಗಡಿಯಾರದ ಅಂಕಿಗಳು ಹನ್ನೆರಡರಿಂದ ಎಡಕ್ಕೆ ಹೊರಟಿದ್ದವು. ನೆನಪು ಕುಂದಿದವರ ಗಡಿಯಾರಗಳನ್ನು ಅವಳು ನೂರಾರು ನೋಡಿದ್ದಳು. ಅಂಕಿಗಳು ಒಂದೇ ಕಡೆ ಗುಂಪುಗಟ್ಟುತ್ತವೆ, ಜಾಗ ಸಾಲದೆ ಹೊರಗೆ ಜಾರುತ್ತವೆ. ಇಲ್ಲಿ ಒಂದೊಂದರ ನಡುವೆಯೂ ಸಮ ಅಂತರ. ಸಾಲಾಗಿ ನಿಲ್ಲಿಸಿ ‘ಹಿಂದೆ ತಿರುಗು’ ಎಂದ ಹಾಗೆ.

ಕೊನೆಯ ಪುಟದಲ್ಲಿ ಚಿತ್ರಗಳ ಪರೀಕ್ಷೆ. ಮೊದಲು ಹತ್ತು ಚಿತ್ರ ತೋರಿಸುತ್ತಾರೆ. ಆಮೇಲೆ ಎರಡೆರಡಾಗಿ ಇಟ್ಟು, ಈ ಎರಡರಲ್ಲಿ ಆಗ ನೋಡಿದ್ದು ಯಾವುದು ಎಂದು ಕೇಳುತ್ತಾರೆ. ಹತ್ತು ಜೋಡಿ. ಹತ್ತಕ್ಕೆ ಹತ್ತೂ ತಪ್ಪು.

ಅಂಚಿನಲ್ಲಿ ಅವನ ಓರೆ ಅಕ್ಷರ. ‘ನನ್ನ ವಾಚು ಕೆಟ್ಟಿತು. ಮೇಡಂ ತಮ್ಮದು ಎರವಲು ಕೊಟ್ಟರು. ಗುಂಡಿ ಬಿಗಿ, ಉಗುರಲ್ಲಿ ಒತ್ತಪ್ಪ ಅಂದರು. ವಾಪಸ್ ಕೊಡಬೇಕು. ಇವತ್ತು ಇವಳಿಗೆ ತೋರಿಸಿ, ನಾಳೆ ಮೇಡಂ ಜೊತೆ ಮಾತಾಡಬೇಕು. ಬೈಯಬಾರದು.’

‘ಇವಳಿಗೆ’ ಎಂಬಲ್ಲಿ ಅವಳು ಬಹಳ ಹೊತ್ತು ನಿಂತಳು.

* * *

ಆರೈಕೆ ಮನೆಯಲ್ಲಿ ಭೇಟಿಯ ಹೊತ್ತು ಮೂರರಿಂದ ನಾಲ್ಕು. ಅಮ್ಮ ಆಗ ಅಲ್ಲೇ ಇರುತ್ತಾರೆ ಎಂದು ಮಗಳು ಹೇಳಿದ್ದರಿಂದ ಅವಳು ಅಲ್ಲಿಗೆ ಬಂದಳು. ಅಂಗಳದ ಬೆಂಚಿನ ಮೇಲೆ ಪಿ.ಟಿ. ಮೇಡಂ ಕೂತಿದ್ದರು, ಬೆನ್ನು ನೆಟ್ಟಗೆ. ಪಕ್ಕದಲ್ಲಿ ಅವರ ಯಜಮಾನರು, ಹೆಂಡತಿಯ ಕಿರುಬೆರಳು ಹಿಡಿದುಕೊಂಡು. ಆ ಮನೆಯಲ್ಲಿ ಯಜಮಾನರಿಗೆ ಇದು ಎರಡನೇ ವರ್ಷ.

“ಇವತ್ತು ಯಾವ ವಾರ ಮೇಡಂ?”

ಮೇಡಂ ಮುಖ ಒಮ್ಮೆಲೇ ಸಪ್ಪಗಾಯಿತು. “ಗೊತ್ತಿಲ್ಲಮ್ಮ. ಗುರುವಾರ ಇರ್ಬೇಕು. ನೀನು ಯಾರು?”

“ನಿಮ್ಮನ್ನ ಪರೀಕ್ಷೆ ಮಾಡಿದ್ರಲ್ಲ, ಅವರ ಹೆಂಡತಿ. ಅವರು ಆ ಸಂಜೆನೇ ತೀರಿಹೋದ್ರು.”

“ಯಾವ ಸಂಜೆ? ಆ ಶುಕ್ರವಾರಾನಾ? ಐದೂಕಾಲಿಗೆ ನನ್ನನ್ನ ಮೆಟ್ಟಿಲಿಳಿಸಿ, ಹುಷಾರು ಅಂತ ಹೇಳಿ ಹೋದ್ನಲ್ಲೇ ತಾಯಿ…”

ಹೇಳಿದ ಮೇಲೆ ಮೇಡಂಗೆ ತಾನೇನು ಹೇಳಿದೆನೆಂದು ತಿಳಿಯಿತು. ತಿದ್ದಿಕೊಳ್ಳಲಿಲ್ಲ. ಅವಳ ಕೈ ಹಿಡಿದು ಪಕ್ಕಕ್ಕೆ ಕೂರಿಸಿಕೊಂಡರು.

ಅವಳು ಮೆಲ್ಲಗೆ ಹೇಳಿದಳು, “ಹತ್ತು ಜೋಡಿ ಚಿತ್ರ ಇತ್ತಲ್ಲ ಮೇಡಂ. ಏನೂ ನೆನಪಿಲ್ಲದವರು ಕಣ್ಣುಮುಚ್ಚಿ ಬೆರಳಿಟ್ರೂ ನಾಲ್ಕೋ ಐದೋ ಸರಿ ಬೀಳುತ್ತೆ. ಹತ್ತೂ ತಪ್ಪಾಗೋದು ಸಾವಿರಕ್ಕೊಂದು ಸಲ. ನೀವು ಪ್ರತಿ ಸಲಾನೂ ಸರಿ ಯಾವುದು ಅಂತ ನೋಡಿ, ಇನ್ನೊಂದನ್ನ ತೋರಿಸಿದ್ರಿ. ಗಡಿಯಾರಾನೂ ಹಾಗೇ. ಅಷ್ಟು ಅಚ್ಚುಕಟ್ಟಾಗಿ ಯಾರೂ ಮರೆಯಲ್ಲ.”

ಮೇಡಂ ನಕ್ಕರು. “ತಪ್ಪು ಮಾಡೋದು ಅಭ್ಯಾಸ ಇಲ್ವಲ್ಲ.”

“ಯಾಕೆ ಮೇಡಂ?”

ಮೇಡಂ ಯಜಮಾನರತ್ತ ಗಲ್ಲ ತೋರಿಸಿದರು. “ಒಂದು ಗಂಟೆ ಬಿಡ್ತಾರೆ. ಇವರಿಗೆ ನಾನು ಯಾರು ಅಂತ ಹೊಳೆಯೋಕೆ ಮುಕ್ಕಾಲು ಗಂಟೆ ಬೇಕು. ಹೊಳೆದು, ಕಿರುಬೆರಳು ಹಿಡ್ಕೊಳ್ಳೋ ಹೊತ್ತಿಗೆ ಗಂಟೆ ಹೊಡೆದು ಎಬ್ಬಿಸ್ತಾರೆ. ಒಳಗೇ ಒಂದು ಹಾಸಿಗೆ ಸಿಕ್ಕಿದ್ರೆ ದಿನವಿಡೀ ಇರ್ತಿದ್ದೆ. ಮಗಳಿಗೆ ಹೇಳಿದ್ರೆ ಕಾಲು ಮುರೀತಾಳೆ.” ಆಮೇಲೆ ತಗ್ಗಿದ ದನಿಯಲ್ಲಿ, “ನಿನ್ನ ಹುಡುಗನಿಗೆ ಕೆಟ್ಟ ಹೆಸರು ಬರುತ್ತೆ ಅಂತ ನನಗೆ ಹೊಳೀಲಿಲ್ಲ ಮಗಾ. ಅವನಿಗೆ ಗೊತ್ತಾಗಿತ್ತಾ?”

“ಗೊತ್ತಾಗಿತ್ತು. ಬೈಯಬಾರದು ಅಂತ ಬರ್ಕೊಂಡಿದ್ದ.”

ಮೇಡಂ ಸೆರಗಿನಿಂದ ಮುಖ ಒರೆಸಿ, ಯಜಮಾನರ ಬೆರಳು ಒಂದೊಂದಾಗಿ ಬಿಡಿಸಿ ಎದ್ದರು. “ಇನ್ನೂ ನಾಲ್ಕಾಗಿಲ್ಲ. ನಡಿ, ನಾನೇ ಹೇಳ್ತೀನಿ.”

* * *

ಸಮಿತಿಯ ಕೋಣೆಯ ಬಾಗಿಲು ನಲವತ್ತು ನಿಮಿಷ ಮುಚ್ಚಿತ್ತು. ಮೇಡಂ ಮೊದಲು ಹೊರಬಂದರು. ಮಗಳು ಎದ್ದು ನಿಂತು ಅಮ್ಮನ ಚೀಲ ತಾನು ತಗೊಂಡಳು. ಹಿಂದೆಯೇ ಡಾಕ್ಟರು, ಕೈಯಲ್ಲಿ ಹಾಳೆ.

“ಅವನ ಆರುನೂರು ಹಾಳೆಗೂ ಯಾರೂ ಕೈ ಹಚ್ಚಲ್ಲ,” ಎಂದರು. “ಮೇಡಂ ಹೆಸರು ಪಟ್ಟಿಯಿಂದ ಹೋಯ್ತು. ಅದು ಹೋಗಲೇಬೇಕು. ಆದ್ರೆ ಅಲ್ಲಿರೋ ಮುದುಕರಿಗೆ ಬೆಳಿಗ್ಗೆ ಕೈಕಾಲು ಆಡಿಸೋಕೆ ಹೇಳಿಕೊಡೋರು ಬೇಕು ಅಂತ ಒಂದು ಮಾತು ಹಾಕಿದ್ದೀನಿ. ಇವರು ದಿನಾ ಬರಬಹುದಾ ಅಂತ. ಹೂಂ ಅಂದಿಲ್ಲ. ಉಹೂಂ ಅನ್ನೋಕೂ ಅವರಿಗೆ ಮನಸ್ಸಾಗಿಲ್ಲ.”

“ನಾಳೆಯಿಂದಾನಾ?” ಎಂದರು ಮೇಡಂ.

“ಸ್ವಲ್ಪ ತಡೀರಿ ತಾಯಿ.”

ಡಾಕ್ಟರು ಒಳಗೆ ಹೋದರು. ಅವಳು ಚೀಲದಿಂದ ಸ್ಟಾಪ್‌ವಾಚ್ ತೆಗೆದಳು. ಮುಳ್ಳು ಒಂದು ನಿಮಿಷ ದಾಟಿ ಎರಡು ಸೆಕೆಂಡಿಗೆ ನಿಂತಿತ್ತು. ಬಿಗಿ ಗುಂಡಿಯೊಡನೆ ಅವನ ಹೆಬ್ಬೆರಳು ಗುದ್ದಾಡಿದ ಎರಡು ಸೆಕೆಂಡು.

ಮೇಡಂ ಬಗ್ಗಿ ನೋಡಿದರು. “ಅವನು ನಿಲ್ಲಿಸಿದ್ದಾ ಇದು?”

“ಹೂಂ.”

“ನೀನೇ ಇಟ್ಕೋ ಮಗಾ. ನಾನು ಬೇರೆ ತಗೋತೀನಿ.”

“ಬೇಡ ಮೇಡಂ. ವಾಪಸ್ ಕೊಡಬೇಕು ಅಂತ ಬರೆದಿದ್ದಾನೆ.”

ಅವಳು ಉಗುರಿನಿಂದ ಗುಂಡಿ ಒತ್ತಿದಳು. ಮುಳ್ಳು ಸೊನ್ನೆಗೆ ಬಂತು. ವಾಚನ್ನು ಮೇಡಂ ಅಂಗೈ ಮೇಲಿಟ್ಟು, ಅವರ ಬೆರಳುಗಳನ್ನು ತಾನೇ ಮಡಿಸಿದಳು.